ಮುಪ್ಪಿನಲ್ಲಿ ಉಳಿಯುವ ಕಲೆ

ಮುಪ್ಪನ್ನು ಕುರಿತು ನಮ್ಮ ಹಿರಿಯರು ಆಡಿದ ಮಾತುಗಳು ಬಹುಮಟ್ಟಿಗೆ ಎಚ್ಚರಿಕೆಯ ಮಾತುಗಳು. ದೇಹದಲ್ಲಿ ಕಸುವಿರುವಾಗಲೇ ಮಾಡಬೇಕಾದುದನ್ನು ಮಾಡಿಕೊಳ್ಳಿರಿ, ಮುಂದೆ ಕಣ್ಣು ಮಂಜಾದೀತು, ಕಾಲು ಸೋತೀತು ಎಂದು ಅವರು ಮರಳಿ ಮರಳಿ ಹೇಳಿದರು. ಅದು ಸತ್ಯವೇ. ಆದರೆ ಕಾಲು ಸೋತ ಮೇಲೆ ಮನುಷ್ಯನಲ್ಲಿ ಏನು ಉಳಿಯುತ್ತದೆ, ಉಳಿದುದರ ಬೆಲೆಯೇನು ಎಂಬ ಪ್ರಶ್ನೆಯನ್ನು ನಾವು ಅಷ್ಟಾಗಿ ಕೇಳಿಕೊಳ್ಳುವುದಿಲ್ಲ. ಅರವತ್ತನ್ನು ದಾಟಿ ನಡೆಯುತ್ತಿರುವ ನಮಗೆ ಈ ಪ್ರಶ್ನೆ ಈಚೆಗೆ ಬಹಳ ಹತ್ತಿರದ್ದಾಗಿದೆ. ಅದಕ್ಕೆ ಉತ್ತರದ ಒಂದು ಎಳೆ ನಮಗೆ ದೊರೆತದ್ದು ಶಾಸ್ತ್ರಗ್ರಂಥದಲ್ಲಲ್ಲ, ಸುಮಾರು ಅರ್ಧ ಗಂಟೆಯ ಒಂದು ಸಾಕ್ಷ್ಯಚಿತ್ರದಲ್ಲಿ. ಮಠದ ಪಾಠಶಾಲೆಯಲ್ಲಿ ಬೆಳೆದ ನಾವು ಚಲನಚಿತ್ರವನ್ನು ಕುರಿತು ಬರೆಯುವುದು ಅಪರೂಪ. ಓದುಗ ಬಂಧುಗಳು ತಾಳ್ಮೆಯಿಂದ ಓದಬೇಕೆಂದು ಕೋರುತ್ತೇವೆ.

ಆ ಚಿತ್ರದ ಹೆಸರು ‘ಬಾಲಾ’. ಅದನ್ನು ತೆಗೆದವರು ಬಂಗಾಳದ ಹೆಸರಾಂತ ನಿರ್ದೇಶಕ ಸತ್ಯಜಿತ್ ರಾಯ್. ಮುಂಬಯಿಯ ರಾಷ್ಟ್ರೀಯ ಪ್ರದರ್ಶಕ ಕಲೆಗಳ ಕೇಂದ್ರ ಮತ್ತು ತಮಿಳುನಾಡು ಸರಕಾರ ಇವುಗಳ ಆಶ್ರಯದಲ್ಲಿ 1976ರಲ್ಲಿ ಚಿತ್ರ ಸಿದ್ಧವಾಯಿತು. ಅದರ ವಸ್ತು ಭರತನಾಟ್ಯದ ಮಹಾಕಲಾವಿದೆ ತಂಜಾವೂರು ಬಾಲಸರಸ್ವತಿ. ಆಗ ಅವರಿಗೆ 58 ವರ್ಷ. ಆ ವರ್ಷ ನಾವು ಪಾಠಶಾಲೆಯಲ್ಲಿ ಅಮರಕೋಶವನ್ನು ಬಾಯಿಪಾಠ ಮಾಡುತ್ತಿದ್ದ ಬಾಲಕರು. ಇಂಥದೊಂದು ಚಿತ್ರ ಇದೆಯೆಂಬುದೂ ನಮಗೆ ತಿಳಿಯದು. ನಾವು ಅದನ್ನು ನೋಡಿದ್ದು ಎರಡು ವರ್ಷಗಳ ಹಿಂದೆ, ಪರಿಚಯದ ಸಂಗೀತ ಅಧ್ಯಾಪಕರೊಬ್ಬರ ಮನೆಯಲ್ಲಿ, ಗಣಕಯಂತ್ರದ ಪರದೆಯ ಮೇಲೆ. ಪ್ರತಿ ಹಳೆಯದು, ಬಣ್ಣ ಮಾಸಿತ್ತು. ಆದರೂ ಮುಗಿದೊಡನೆ ಇನ್ನೊಮ್ಮೆ ತೋರಿಸಿರೆಂದು ಕೇಳಿ ನೋಡಿದೆವು.

ಬಾಲಸರಸ್ವತಿಯವರು 1918ರ ಮೇ 13ರಂದು ಮದರಾಸಿನಲ್ಲಿ ಜನಿಸಿದರು. ಅಜ್ಜಿ ವೀಣಾ ಧನಮ್ಮಾಳ್ ದಕ್ಷಿಣಾದಿ ಸಂಗೀತದಲ್ಲಿ ಇಂದಿಗೂ ಪೂಜ್ಯವಾದ ಹೆಸರು. ತಾಯಿ ಜಯಮ್ಮಾಳ್ ಗಾಯಕಿ. ಮಗಳ ನೃತ್ಯಕ್ಕೆ ತಾವೇ ಹಾಡುತ್ತಿದ್ದರು. ಸೋದರರಲ್ಲಿ ರಂಗನಾಥನ್ ಮೃದಂಗದಲ್ಲಿಯೂ ವಿಶ್ವನಾಥನ್ ಕೊಳಲಿನಲ್ಲಿಯೂ ಪಳಗಿದವರು. ಗುರು ಕಂದಪ್ಪ ಪಿಳ್ಳೆ ತಂಜಾವೂರಿನ ಪ್ರಸಿದ್ಧ ಸೋದರ ಚತುಷ್ಟಯದ ವಂಶದವರು. ಆ ನಾಲ್ವರು ಸೋದರರಲ್ಲಿ ಒಬ್ಬರಾದ ಚಿನ್ನಯ್ಯನವರು ಮೈಸೂರಿನ ಮುಮ್ಮಡಿ ಕೃಷ್ಣರಾಜ ಒಡೆಯರ ಆಸ್ಥಾನದಲ್ಲಿದ್ದರೆಂಬುದನ್ನು ಕನ್ನಡಿಗರು ಇಲ್ಲಿ ನೆನೆಯಬಹುದು. ಬಾಲಾ ಅವರ ರಂಗಪ್ರವೇಶವಾದದ್ದು 1925ರಲ್ಲಿ, ಕಾಂಚೀಪುರದ ದೇವಿಯ ಸನ್ನಿಧಿಯಲ್ಲಿ, 7ನೆಯ ವಯಸ್ಸಿನಲ್ಲಿ. ಚಿತ್ರ ತೆಗೆಯುವ ವೇಳೆಗೆ ಅವರು ಅರ್ಧ ಶತಮಾನ ಕುಣಿದಿದ್ದರು.

ಅವರು ಹುಟ್ಟಿದ್ದು ದೇವದಾಸಿಯರ ಪರಂಪರೆಯಲ್ಲಿ. ಕುಟುಂಬದ ಮಾಸಪತ್ರಿಕೆಯಲ್ಲಿ ಈ ಮಾತನ್ನು ಮುಚ್ಚಿಡುವುದು ಸುಲಭ. ಆದರೆ ಮುಚ್ಚಿಟ್ಟರೆ ಕಥೆಯ ಅರ್ಧ ಹೋಗುತ್ತದೆ. ಹೆಣ್ಣುಮಗುವನ್ನು ದೇವರ ಹೆಸರಿನಲ್ಲಿ ಬಿಡುವ ಪದ್ಧತಿ ತಂದ ನೋವು ಎಂಥದೆಂದು ನಮ್ಮ ಉತ್ತರ ಕರ್ನಾಟಕದ ಓದುಗರಿಗೆ ವಿವರಿಸಬೇಕಾಗಿಲ್ಲ. ಮದರಾಸಿನಲ್ಲಿ ಡಾ. ಮುತ್ತುಲಕ್ಷ್ಮಿ ರೆಡ್ಡಿಯವರು ಅದರ ವಿರುದ್ಧ ವರ್ಷಗಟ್ಟಲೆ ಹೋರಾಡಿದರು. 1947ರಲ್ಲಿ ಅಲ್ಲಿ ನಿಷೇಧದ ಕಾಯಿದೆ ಬಂದಿತು. ಕರ್ನಾಟಕದ ಕಾಯಿದೆ 1982ರದು. ಇವು ಆಗಲೇಬೇಕಾಗಿದ್ದ ಕಾರ್ಯಗಳು. ಆದರೆ ಪದ್ಧತಿಯ ಮೇಲೆ ಹುಟ್ಟಿದ ತಿರಸ್ಕಾರವು ಅದಕ್ಕೆ ಬಲಿಯಾದ ಹೆಣ್ಣುಮಕ್ಕಳ ಮೇಲೆಯೂ, ಅವರು ತಲೆಮಾರುಗಳಿಂದ ಕಾಪಾಡಿಕೊಂಡು ಬಂದ ವಿದ್ಯೆಯ ಮೇಲೆಯೂ ಬಿದ್ದಿತು. ಅದೇ ಕಾಲಕ್ಕೆ ಆ ವಿದ್ಯೆ ಹೊಸ ಮನೆಗಳಿಗೆ ಹೋಗಿ ಗೌರವ ಪಡೆಯಿತು. ಅದನ್ನು ಹೊತ್ತು ತಂದವರು ಮಾತ್ರ ಮೂಲೆಗೆ ಸರಿದರು. ಬಾಲಸರಸ್ವತಿಯವರು ತಮ್ಮ ಮನೆತನವನ್ನು ಮರೆಮಾಚಲಿಲ್ಲ. ಶೃಂಗಾರದ ಪದಗಳನ್ನು ತೆಗೆದುಹಾಕಿ ನೃತ್ಯವನ್ನು ಶುದ್ಧಗೊಳಿಸಬೇಕೆಂಬ ವಾದವನ್ನು ಅವರು ಒಪ್ಪಲಿಲ್ಲ. ಭಕ್ತಿಯ ನೆಲೆಯಲ್ಲಿ ಶೃಂಗಾರವೇ ಶುದ್ಧವಾದುದೆಂದು ನಂಬಿದರು. ಕಾಯಿಲೆಯಿಂದಲೂ ಕಾಲದ ಗಾಳಿಯಿಂದಲೂ ಕೆಲವು ವರ್ಷ ರಂಗದಿಂದ ದೂರ ಉಳಿದು, ವಿದ್ವಾಂಸರಾದ ಡಾ. ವಿ. ರಾಘವನ್ ಮೊದಲಾದವರ ಪ್ರೋತ್ಸಾಹದಿಂದ ಮರಳಿದರು. ಮುಂದೆ ಟೋಕಿಯೋ, ಎಡಿನ್‌ಬರೋ, ಅಮೆರಿಕಗಳಲ್ಲಿ ಕುಣಿದರು. ಸಂಗೀತ ವಿದ್ವಾಂಸರಿಗೆ ಸಲ್ಲುವ ಮದರಾಸು ಸಂಗೀತ ಅಕಾಡೆಮಿಯ ಗೌರವ 1973ರಲ್ಲಿ ನರ್ತಕಿಯಾದ ಅವರಿಗೆ ಸಂದಿತು.

ಈಗ ಚಿತ್ರಕ್ಕೆ ಬರೋಣ. ಸತ್ಯಜಿತ್ ರಾಯ್ ಅವರು ಬಾಲಾ ಅವರ ನೃತ್ಯವನ್ನು ಮೊದಲು ನೋಡಿದ್ದು 1935ರಲ್ಲಿ, ಕಲ್ಕತ್ತೆಯಲ್ಲಿ. ನೋಡಿದವನಿಗೆ 14 ವರ್ಷ, ಕುಣಿದವಳಿಗೆ 17. ಕ್ಯಾಮೆರಾದ ಮುಂದೆ ಇಬ್ಬರೂ ಎದುರುಬದುರಾದದ್ದು 41 ವರ್ಷಗಳ ಮೇಲೆ. ಅವರ ಏರುಗಾಲದಲ್ಲಿಯೇ ಚಿತ್ರ ತೆಗೆಯುವ ಆಸೆ ರಾಯ್ ಅವರಿಗಿತ್ತು. ಅದು ಕೂಡಿ ಬರಲಿಲ್ಲ. ಕೂಡಿ ಬಂದಾಗ ಬಾಲಾ ಅವರ ಮೈ ಭಾರವಾಗಿತ್ತು, ಮೊಗದಲ್ಲಿ ವಯಸ್ಸು ಇಳಿದಿತ್ತು. ತಡವಾಯಿತೆಂದು ಕೈಬಿಡುವುದಕ್ಕಿಂತ ತಡವಾಗಿಯಾದರೂ ತೆಗೆಯುವುದು ಮೇಲೆಂದು ಅವರು ಬಗೆದರು. ಅದಕ್ಕೆ ಮುಂಚೆ, 1972ರಲ್ಲಿ, ತಮ್ಮ ಗುರುಗಳಾದ ಚಿತ್ರಕಾರ ಬಿನೋದ್ ಬಿಹಾರಿ ಮುಖರ್ಜಿಯವರನ್ನು ಕುರಿತು ಇನ್ನೊಂದು ಸಾಕ್ಷ್ಯಚಿತ್ರವನ್ನು ಅವರು ತೆಗೆದಿದ್ದರು. ಆ ಚಿತ್ರಕಾರರು ನಡುವಯಸ್ಸು ದಾಟಿದ ಮೇಲೆ ಕಣ್ಣನ್ನು ಪೂರ್ಣವಾಗಿ ಕಳೆದುಕೊಂಡವರು, ಕಳೆದುಕೊಂಡ ಮೇಲೆಯೂ ಕೆಲಸ ನಿಲ್ಲಿಸದವರು. ಕಲಾವಿದನಿಂದ ಕಾಲವು ಅತಿ ಮುಖ್ಯವಾದುದನ್ನೇ ಕಸಿದುಕೊಂಡಾಗ ಉಳಿಯುವುದೇನು ಎಂಬುದು ರಾಯ್ ಅವರನ್ನು ಕಾಡಿದ ಪ್ರಶ್ನೆಯಾಗಿದ್ದಿರಬೇಕೆಂದು ನಮಗೆ ತೋರುತ್ತದೆ.

‘ಬಾಲಾ’ ಚಿತ್ರದಲ್ಲಿ ಅಬ್ಬರವಿಲ್ಲ. ವಿವರಣೆಯ ದನಿ ರಾಯ್ ಅವರದೇ. ಮನೆಯ ದಿನಚರಿಯ ಕೆಲವು ನೋಟಗಳಿವೆ. ಬಾಲಾ ಅವರನ್ನು ಕುರಿತು ಮಾತಾಡುವವರಲ್ಲಿ ನರ್ತಕ ಉದಯಶಂಕರರೂ ಇದ್ದಾರೆ. ಅವರೂ ಆಗ ಇಳಿವಯಸ್ಸಿನವರು, ಮರುವರ್ಷವೇ ತೀರಿಕೊಂಡರು. ಇವುಗಳ ನಡುವೆ ಎರಡು ನೃತ್ಯಗಳಿವೆ. ಒಂದು ಭೈರವಿ ರಾಗದ ವರ್ಣ. ಅಲ್ಲಿ ಬಾಲಾ ಪೂರ್ಣ ವೇಷಭೂಷಣದಲ್ಲಿದ್ದಾರೆ. ಇನ್ನೊಂದು ಮಹಾಬಲಿಪುರದ ಕಡಲ ದಂಡೆಯಲ್ಲಿ ಮಾಡಿದ ಅಭಿನಯ. ಹಾಡು ನಮ್ಮ ಕನ್ನಡದ್ದು, ವ್ಯಾಸರಾಯರ ‘ಕೃಷ್ಣಾ ನೀ ಬೇಗನೆ ಬಾರೋ’.

ಇದನ್ನು ಕೇಳಿ ಕನ್ನಡಿಗರ ಮೈ ಜುಮ್ಮೆನ್ನದಿರದು. ವಿಜಯನಗರದ ಕಾಲದ ಯತಿಗಳೊಬ್ಬರು ಕನ್ನಡದಲ್ಲಿ ಕಟ್ಟಿದ ಕರೆ. ಅವರ ಬೃಂದಾವನ ಆನೆಗೊಂದಿಯ ಬಳಿ ತುಂಗಭದ್ರೆಯ ನಡುಗಡ್ಡೆಯಲ್ಲಿದೆ. ಅವರು ತೀರಿಕೊಂಡದ್ದು 1539ರಲ್ಲಿ. ನಾನೂರಕ್ಕೂ ಹೆಚ್ಚು ವರ್ಷಗಳ ಮೇಲೆ ಆ ಕರೆಯನ್ನು ತಮಿಳು ಮನೆತನದ ನರ್ತಕಿಯೊಬ್ಬರು ಪಲ್ಲವರ ಕಡಲ ತಡಿಯಲ್ಲಿ ಕೂಗುತ್ತಾರೆ, ಬಂಗಾಳಿಯೊಬ್ಬರು ಅದನ್ನು ಸೆರೆಹಿಡಿಯುತ್ತಾರೆ. ಮತ, ಪ್ರಾಂತ, ಭಾಷೆಗಳ ಗೋಡೆಗಳನ್ನು ಕಲೆ ಹೇಗೆ ದಾಟುತ್ತದೆ ಎಂಬುದಕ್ಕೆ ಇದಕ್ಕಿಂತ ಸಾಕ್ಷಿ ಬೇಕೆ? ಹಾಡಿನ ಸಂದರ್ಭ ಎಲ್ಲ ತಾಯಂದಿರಿಗೂ ತಿಳಿದದ್ದು. ಆಡಲು ಹೋದ ಮಗು ಬೇಗ ಬರಲೆಂದು ಕರೆಯುವುದು, ಅದರ ಅಲಂಕಾರವನ್ನು ಕಣ್ಣು ತುಂಬ ನೆನೆಯುವುದು, ಕೊನೆಗೆ ಆ ಮಗುವಿನ ಬಾಯಲ್ಲಿ ಲೋಕವೆಲ್ಲವನ್ನೂ ಕಂಡು ತಾಯಿ ಬೆರಗಾಗುವುದು.

ಆ ದೃಶ್ಯದಲ್ಲಿ ಗಾಳಿ ಬೀಸುತ್ತದೆ, ಸೀರೆಯ ಸೆರಗು ಹಾರುತ್ತದೆ, ಹಿಂದೆ ಅಲೆಗಳು ಏಳುತ್ತವೆ. ಗಾಳಿಯೂ ಕಡಲೂ ಅಭಿನಯಕ್ಕೆ ಅಡ್ಡಿಯಾದುವೆಂದು ಯಾರಾದರೂ ಹೇಳಿದರೆ ನಾವು ವಾದಿಸುವುದಿಲ್ಲ. ನಮ್ಮ ಕಣ್ಣು ನಿಂತದ್ದು ಕರೆಯುವ ಆ ಕೈಯ ಮೇಲೆ. ಒಂದೇ ಮಾತು ಮತ್ತೆ ಮತ್ತೆ ಬರುತ್ತದೆ. ಕೈ ಪ್ರತಿಸಲವೂ ಬೇರೊಂದು ಬಗೆಯಲ್ಲಿ ಕರೆಯುತ್ತದೆ. ಒಮ್ಮೆ ಮುದ್ದು, ಒಮ್ಮೆ ಹುಸಿಮುನಿಸು, ಒಮ್ಮೆ ಬೇಡಿಕೆ. ಹದಿನೇಳರ ಹುಡುಗಿ ಈ ಹಾಡಿಗೆ ಅಭಿನಯಿಸಿದರೆ ನಾವು ಹುಡುಗಿಯ ಚೆಲುವನ್ನೂ ನೋಡುತ್ತೇವೆ. ಇಲ್ಲಿ ನೋಡಲು ಬೇರೆ ಚೆಲುವಿಲ್ಲ. ಆದ್ದರಿಂದ ಕಾಣುವುದು ಕರೆಯೊಂದೇ. ಎಷ್ಟೋ ಮಕ್ಕಳನ್ನು ಕರೆದ, ಎಷ್ಟೋ ಸಲ ಬಾರದಿದ್ದವರಿಗಾಗಿ ಕಾದ ಹೆಂಗಸು ಅಲ್ಲಿ ನಿಂತಿದ್ದಾಳೆಂದು ನಂಬಲು ನಾವೇನೂ ಪ್ರಯಾಸಪಡಬೇಕಾಗಿಲ್ಲ.

ನಾಟ್ಯಶಾಸ್ತ್ರ ಅಭಿನಯವನ್ನು ನಾಲ್ಕು ಬಗೆಯಾಗಿ ಹೇಳುತ್ತದೆ: ಅಂಗಗಳಿಂದ ಆಗುವ ಆಂಗಿಕ, ಮಾತಿನಿಂದ ಆಗುವ ವಾಚಿಕ, ವೇಷಭೂಷಣಗಳ ಆಹಾರ್ಯ, ಅಂತರಂಗದಿಂದ ಹೊಮ್ಮುವ ಸಾತ್ತ್ವಿಕ. ಪಾಠಶಾಲೆಯಲ್ಲಿ ನಾವು ಇದನ್ನು ಪಟ್ಟಿಯಾಗಿ ಕಲಿತೆವು. ಪಟ್ಟಿಗೆ ಜೀವ ಬಂದದ್ದು ಈ ಚಿತ್ರ ನೋಡಿದಾಗ. ಕಾಲವು ಮೊದಲು ಆಂಗಿಕದ ಬಿರುಸನ್ನು ಕಸಿಯುತ್ತದೆ. ಬಳಿಕ ದನಿಯನ್ನು ಒಡೆಯುತ್ತದೆ. ಆಹಾರ್ಯವಂತೂ ಎರವಲಿನ ಸೊತ್ತು. ನಾಲ್ಕನೆಯದಕ್ಕೆ ಕಾಲದ ಕೈ ಸುಲಭವಾಗಿ ಎಟುಕುವುದಿಲ್ಲ.

ಬಾಲಾ ಅವರೇ ಇದನ್ನು ಬೇರೊಂದು ಹೋಲಿಕೆಯಿಂದ ಹೇಳಿದ್ದಾರೆ. 1975ರಲ್ಲಿ, ಈ ಚಿತ್ರ ಸಿದ್ಧವಾಗುವ ಹಿಂದಿನ ವರ್ಷ, ಮದರಾಸಿನ ತಮಿಳ್ ಇಸೈ ಸಂಗಮ್ ಸಮ್ಮೇಳನದ ಅಧ್ಯಕ್ಷ ಭಾಷಣದಲ್ಲಿ ಅವರು ಭರತನಾಟ್ಯದ ಕಛೇರಿಯ ಕ್ರಮವನ್ನು ದೇವಾಲಯದ ರಚನೆಗೆ ಹೋಲಿಸಿದರು. ಮೊದಲಿನ ಅಲರಿಪು ಗೋಪುರ. ಜತಿಸ್ವರ, ಶಬ್ದಗಳು ಮಂಟಪಗಳು. ವರ್ಣವೆಂದರೆ ದೇವರ ಸನ್ನಿಧಿಯ ವಿಸ್ತಾರವಾದ ಆವರಣ. ಪದವೆಂದರೆ ಗರ್ಭಗುಡಿಯೊಳಗೆ ಕಾಲಿಡುವುದು. ಅಲ್ಲಿ ತಾಳದ ಅಬ್ಬರ ತಗ್ಗುತ್ತದೆ, ಹೊರಗಿನ ಗದ್ದಲ ನಿಲ್ಲುತ್ತದೆ. ಒಂದು ಸಂಜೆಯ ಕಛೇರಿಗೆ ಅವರು ಹೇಳಿದ ಈ ಕ್ರಮ ಕಲಾವಿದೆಯ ಇಡೀ ಬಾಳಿಗೂ ಹೊಂದುತ್ತದೆಂದು ನಮಗನ್ನಿಸಿತು. ಹರೆಯದ ಲಾಘವ ಗೋಪುರದಂತೆ. ದೂರದಿಂದಲೇ ಕಾಣುತ್ತದೆ, ಎಲ್ಲರನ್ನೂ ಕರೆಯುತ್ತದೆ. ಗೋಪುರದ ಗಾರೆ ಉದುರಿತೆಂದು ಹೊರಗಿನಿಂದಲೇ ಮರಳುವವನಿಗೆ ಒಳಗಿನ ದೀಪ ಕಾಣಲಾರದು. ದೇಹವನ್ನೇ ದೇಗುಲವೆಂದು ಬಗೆದ ಶರಣರ ನಾಡಿನವರಿಗೆ ಈ ಮಾತು ಹೊಸದಲ್ಲ. ಆದರೂ ಮನೆಯ ಮುದುಕರ ವಿಷಯ ಬಂದಾಗ ನಾವು ಗಾರೆಯನ್ನೇ ಎಣಿಸುತ್ತೇವೆ.

ಹೀಗೆ ಹೇಳುವುದಕ್ಕೆ ಕಾರಣವಿದೆ. ನಮ್ಮ ತಾಲ್ಲೂಕಿನ ಹಳ್ಳಿಯೊಂದರಲ್ಲಿ ಕಂಪನಿ ನಾಟಕಗಳಲ್ಲಿ ಮೂವತ್ತು ವರ್ಷ ದುಡಿದ ಹಿರಿಯ ನಟರೊಬ್ಬರಿದ್ದರು. ಎಂಬತ್ತನ್ನು ಮೀರಿದ ವಯಸ್ಸು. ನಾವು ಹುಡುಗರಾಗಿದ್ದಾಗ ಜಾತ್ರೆಯ ಕ್ಯಾಂಪಿನಲ್ಲಿ ಅವರ ರಂಗಗೀತೆಗೆ ಜನ ‘ಒನ್ಸ್ ಮೋರ್’ ಎಂದು ಕೂಗುತ್ತಿದ್ದುದನ್ನು ಕೇಳಿದ್ದೇವೆ. ಒಂದು ಹಾಡನ್ನು ಮೂರು ಸಲ ಹಾಡದೆ ನಾಟಕ ಮುಂದುವರಿಯುತ್ತಿರಲಿಲ್ಲ. ಊರಿನ ಯುವಕರು ಅವರ ಹಾಡುಗಳನ್ನು ಮೊಬೈಲಿನಲ್ಲಿ ಚಿತ್ರೀಕರಿಸಬೇಕೆಂದು ಬಯಸಿದರು. ಮಕ್ಕಳು ಒಪ್ಪಲಿಲ್ಲ. ಸಲಹೆಗೆಂದು ಎರಡೂ ಕಡೆಯವರು ನಮ್ಮಲ್ಲಿಗೆ ಬಂದರು. ಹಿರಿಯ ಮಗ ಹೇಳಿದ: ‘ಶಾಸ್ತ್ರಿಗಳ, ನಮ್ಮಪ್ಪನ ದನಿ ಒಡದೈತ್ರಿ. ಬಾಯಾಗ ಹಲ್ಲಿಲ್ಲ. ಮಂದಿ ಮುಂದ ಇಟ್ರ ನಕ್ಕಾರು. ಮೊದಲಿನ ಅಪ್ಪನ್ನ ನೆನಸ್ಲಿ ಬಿಡ್ರಿ.’

ಆ ಮಾತಿನಲ್ಲಿ ಪ್ರೀತಿಯಿತ್ತು. ಅದನ್ನು ತಳ್ಳಿಹಾಕುವುದು ನ್ಯಾಯವಲ್ಲ. ಊರೆಲ್ಲ ಕೊಂಡಾಡಿದ ತಂದೆಯನ್ನು ಊರು ಕನಿಕರದಿಂದ ನೋಡಬಾರದೆಂದು ಯಾವ ಮಗ ಬಯಸನು? ಆಗ ನಾವು ಆ ಚಿತ್ರವನ್ನು ನೋಡಿ ಕೆಲವೇ ವಾರಗಳಾಗಿದ್ದವು. ಮಗನಿಗೆ ಉತ್ತರ ಹೇಳುವ ಮುನ್ನ ಹಿರಿಯರನ್ನೇ ಕಾಣಬೇಕೆಂದು ಅವರ ಮನೆಗೆ ಹೋದೆವು. ಜಗಲಿಯ ಮೇಲೆ ಕುಳಿತಿದ್ದರು. ನಿಮ್ಮ ಮನಸ್ಸಿನಲ್ಲಿ ಏನಿದೆ ಎಂದು ಕೇಳಿದೆವು. ಅವರು ತುಸು ಹೊತ್ತು ಸುಮ್ಮನಿದ್ದು, ‘ನನ್ನ ಯಾರೂ ಕೇಳೇ ಇಲ್ಲ ನೋಡ್ರಿ’ ಎಂದರು.

ಅವರ ದನಿಯನ್ನು ಕುರಿತು ಊರೆಲ್ಲ ಚರ್ಚಿಸಿತ್ತು, ಅವರೊಬ್ಬರನ್ನು ಬಿಟ್ಟು. ಅವರು ಹಾಡಲು ಒಪ್ಪಿದರು. ಮೂರು ಷರತ್ತು ಹಾಕಿದರು. ಬಣ್ಣ ಹಚ್ಚುವುದಿಲ್ಲ, ಕಿರೀಟ ಇಡುವುದಿಲ್ಲ, ಪೇಟಿಯನ್ನು ತಾನೇ ಬಾರಿಸುವೆ. ಒಂದು ಮುಂಜಾನೆ ಪೂಜೆ ಮುಗಿಸಿ ಅಂಗಳದ ಜಮಖಾನೆಯ ಮೇಲೆ ಕುಳಿತು ಸುಮಾರು ಎರಡು ತಾಸು ಹಾಡಿದರು, ನಡುನಡುವೆ ಮಾತಾಡಿದರು. ಯಾವ ಹಾಡನ್ನು ಯಾವ ಪ್ರವೇಶಕ್ಕೆ ಹಾಡುತ್ತಿದ್ದರು, ಪರದೆ ಏಳುವ ಮುನ್ನ ಒಳಗೆ ನಿಂತೇ ಏಕೆ ಆಲಾಪ ತೆಗೆಯುತ್ತಿದ್ದರು, ಧ್ವನಿವರ್ಧಕವಿಲ್ಲದ ದಿನಗಳಲ್ಲಿ ಹಿಂದಿನ ಸಾಲಿಗೆ ಮಾತು ಹೇಗೆ ಮುಟ್ಟಿಸುತ್ತಿದ್ದರು, ಎಲ್ಲವನ್ನೂ ಹೇಳಿದರು. ನಾವು ಹುಡುಗರಾಗಿ ಕೇಳಿದ್ದ ಆ ಹಾಡು ಬಂದಿತು. ತಾರಕಕ್ಕೆ ಏರುವ ಜಾಗದಲ್ಲಿ ದನಿ ನಿಂತುಬಿಟ್ಟಿತು. ಅವರು ಕೆಮ್ಮಲಿಲ್ಲ, ಕ್ಷಮೆ ಕೇಳಲಿಲ್ಲ. ಎಡಗೈ ಪೇಟಿಯ ತಿದಿಯನ್ನು ಒತ್ತುತ್ತಿದ್ದಂತೆಯೇ ಬಲಗೈಯಿಂದ ಆ ಸ್ವರವನ್ನು ಹಿಡಿದು, ಬಳಿಕ ಆ ಕೈಯನ್ನು ಮೆಲ್ಲನೆ ಮೇಲಕ್ಕೆತ್ತಿ, ಸ್ವರ ಇರಬೇಕಾದ ಎತ್ತರವನ್ನು ಕಣ್ಣಿನಿಂದಲೇ ನೋಡಿದರು. ಅಂಗಳದಲ್ಲಿದ್ದ ಹಳಬರೆಲ್ಲರಿಗೂ ಅದು ಕೇಳಿಸಿತು. ನಕ್ಕವರು ಯಾರೂ ಇರಲಿಲ್ಲ. ಒಳಗೇ ಉಳಿದಿದ್ದ ಹಿರಿಯ ಮಗ ಯಾವಾಗಲೋ ಬಂದು ಹೊಸ್ತಿಲ ಬಳಿ ಕುಳಿತಿದ್ದ.

ಮರುವರ್ಷದ ಮಳೆಗಾಲದಲ್ಲಿ ಹಿರಿಯರು ಲಿಂಗೈಕ್ಯರಾದರು. ಮೂರನೆಯ ದಿನ ಮನೆಯವರು ಕುಳಿತು ಆ ಚಿತ್ರವನ್ನು ನೋಡಿದರಂತೆ. ಹರೆಯದಲ್ಲಿ ಅವರು ಹೇಗಿದ್ದರೆಂಬುದಕ್ಕೆ ಮನೆಯಲ್ಲಿ ಒಂದೆರಡು ಮಾಸಿದ ಭಾವಚಿತ್ರಗಳಿವೆ. ಅವರ ಕಲೆ ಎಂಥದೆಂಬುದಕ್ಕೆ ಇರುವುದು ಆ ಎರಡು ತಾಸು ಮಾತ್ರ.

ನಮ್ಮ ನಾಡಿನ ಏಣಗಿ ಬಾಳಪ್ಪನವರನ್ನು ಇಲ್ಲಿ ನೆನೆಯದಿರಲಾರೆವು. ಬೆಳಗಾವಿ ಜಿಲ್ಲೆಯ ಏಣಗಿಯಲ್ಲಿ 1914ರಲ್ಲಿ ಹುಟ್ಟಿ, ಬಾಲ್ಯದಲ್ಲಿ ಸ್ತ್ರೀಪಾತ್ರಗಳಿಂದ ಹೆಸರಾಗಿ, ಮುಂದೆ ‘ಜಗಜ್ಯೋತಿ ಬಸವೇಶ್ವರ’ ನಾಟಕದ ಬಸವಣ್ಣನಾಗಿ ಮನೆಮನೆಯ ಮಾತಾದವರು; ನೂರು ದಾಟಿದ ಬಳಿಕ 2017ರಲ್ಲಿ ಅಗಲಿದರು. ಅವರಷ್ಟು ಕೀರ್ತಿ ಪಡೆಯದ, ಅದೇ ಪರದೆಯ ಹಿಂದೆ ಬಣ್ಣ ಹಚ್ಚಿಕೊಂಡ ನೂರಾರು ಮಂದಿ ಯಾವ ದಾಖಲೆಯೂ ಇಲ್ಲದೆ ಹೋದರು. ಪುರಾಣ ಪ್ರವಚನಕ್ಕೆ ಹಾಡಿದವರು, ಬಯಲಾಟದ ವೇಷಧಾರಿಗಳು, ತೊಟ್ಟಿಲ ಹಾಡು ಬಲ್ಲ ಅಜ್ಜಿಯರು ಇಂದಿಗೂ ನಮ್ಮ ಮನೆಗಳಲ್ಲಿಯೇ ಇದ್ದಾರೆ. ‘ಈಗೇನು ಉಳಿದಿದೆ ಅವರಲ್ಲಿ’ ಎಂಬ ಒಂದು ಮಾತು ಅವರ ಬಾಯಿಗೆ ಬೀಗ ಹಾಕುತ್ತದೆ.

ಆದುದರಿಂದ ಬಂಧುಗಳಲ್ಲಿ ನಮ್ಮ ನಿವೇದನೆ ಇಷ್ಟು. ಇಂದು ದಾಖಲಿಸುವ ಸಾಧನ ಎಲ್ಲರ ಕೈಯಲ್ಲಿದೆ. ರಾಯ್ ಅವರಂಥ ನಿರ್ದೇಶಕರೂ ಬೇಡ, ಸರಕಾರದ ಧನವೂ ಬೇಡ. ಆದರೆ ಮೊದಲು ಹಿರಿಯರನ್ನು ಕೇಳಿರಿ. ಬೇಡವೆಂದರೆ ಆ ಮಾತಿಗೆ ತಲೆಬಾಗಿರಿ. ಮುದುಕರ ಅಸಹಾಯಕತೆಯನ್ನು ನಾಲ್ಕು ಜನರ ವಿನೋದಕ್ಕೆ ಹಂಚುವುದು ಪಾಪ. ಒಪ್ಪಿದರೆ ಅವರಿಗೆ ಹಿತವಾದ ಹೊತ್ತನ್ನೂ ಜಾಗವನ್ನೂ ಅವರೇ ಆರಿಸಲಿ. ಬಣ್ಣ ಹಚ್ಚಿ ಹರೆಯವನ್ನು ಮರಳಿ ತರಲು ಹೊರಡಬೇಡಿರಿ. ಹಾಡಿನ ಜೊತೆಗೆ ಅದನ್ನು ಕಲಿಸಿದವರ ಹೆಸರನ್ನೂ ಕೇಳಿ ಬರೆದಿಡಿರಿ. ಹಾಡು ಮರೆತರೆ ನೆನಪಾಗುವವರೆಗೆ ಕಾಯಿರಿ. ಆ ಕಾಯುವಿಕೆಯೂ ದಾಖಲೆಯಲ್ಲಿ ಇರಲಿ.

ಬಾಲಸರಸ್ವತಿಯವರು 1984ರ ಫೆಬ್ರುವರಿ 9ರಂದು ಕಾಲವಾದರು. 1935ರ ಆ ಕಲ್ಕತ್ತೆಯ ಸಂಜೆ ನೋಡಿದವರೊಂದಿಗೇ ಮುಗಿಯಿತು. 1976ರ ಕಡಲ ದಂಡೆಯ ಕರೆ ಮಾತ್ರ, ಒಂದು ಹಿರಿಯ ಕೈಯ ಆಸರೆಯಿಂದ, ನಮ್ಮ ಕಾಲದವರೆಗೆ ಬಂದು ತಲುಪಿದೆ.